ನಾಡಿನ ಹೆಸರು ಹೊತ್ತ ಬೀಳಗಿಯ ಅಕ್ಕತಂಗಿ

ನಮ್ಮ ಮನೆಯಲ್ಲಿ ನೆಟ್ಟಗೆ ಒಂದು ಹಾಡು ಕೇಳಬೇಕೆಂದರೆ ಕರೆಂಟು ಹೋಗಬೇಕು. ಬನಹಟ್ಟಿಯ ನೇಕಾರರ ಓಣಿಯಲ್ಲಿ ಬೆಳೆದವರಿಗೆ ಈ ಮಾತು ಬಿಡಿಸಿ ಹೇಳಬೇಕಾಗಿಲ್ಲ. ಪವರ್‌ಲೂಮಿನ ಸದ್ದು ನಮ್ಮ ಕಿವಿಗೆ ಎಷ್ಟು ಒಗ್ಗಿದೆಯೆಂದರೆ, ಅದು ನಿಂತಾಗಲೇ ಅದು ಇತ್ತೆಂಬುದು ಗೊತ್ತಾಗುತ್ತದೆ. ಹೋದ ಬೇಸಿಗೆಯ ಒಂದು ಮಧ್ಯಾಹ್ನ ಹಾಗೆ ಕರೆಂಟು ಹೋಯಿತು. ನಾನು ಮೊಬೈಲಿನಲ್ಲಿ 1943ರ 'ಕಿಸ್ಮತ್' ಚಿತ್ರದ ಲಾಲಿಯಂಥ ಹಾಡೊಂದನ್ನು ಹಚ್ಚಿದ್ದೆ. ಕಂಡಿಕಿ ಸುತ್ತುತ್ತ ಕೂತಿದ್ದ ಆಯಿ, ಅಂದರೆ ನಮ್ಮ ಅಪ್ಪನ ತಾಯಿ, ಕೈ ನಿಲ್ಲಿಸಿದಳು.

"ಈ ದನಿ ನಾ ಕೇಳೇನಿ."

"ಯಾರದಂತ ಗೊತ್ತೈತೇನ ಆಯಿ?"

"ಲತಾಂದಲ್ಲ. ಅಕೀಕಿಂತ ಹಿಂದಿಂದು."

"ಬೀಳಗಿಯಾಕೀದು."

"ಯಾವ ಬೀಳಗಿ? ನಮ್ಮ ಬೀಳಗಿ?" ಆಯಿ ಸ್ವಲ್ಪ ಹೊತ್ತು ಸುಮ್ಮನಿದ್ದು ಅಂದಳು: "ಬೀಳಗಿ ಹುಡುಗಿ ಆಗಿನ ಕಾಲಕ್ಕ ಮುಂಬೈಗೆ ಹೋಗಿ ಹಾಡಿದ್ಲಂದ್ರ, ನಾಟಕದಾಕಿ ಇರಬೇಕು."

ಅವಳ ದನಿಯಲ್ಲಿ ತಿರಸ್ಕಾರವಿರಲಿಲ್ಲ. ಮಳೆ ಬಂದರೆ ನೆಲ ಹಸಿ ಎನ್ನುವಷ್ಟೇ ಸಹಜವಾಗಿ ಹೇಳಿದಳು. ನನ್ನನ್ನು ಕಾಡಿದ್ದು ಆ ಸಹಜತೆಯೇ. ಮುಂಬೈ ಕರ್ನಾಟಕದ ವೃತ್ತಿರಂಗಭೂಮಿಯ ನಟಿಯರ ಬಗ್ಗೆ ನಾನು ಪಿಎಚ್‌ಡಿ ಮಾಡುತ್ತಿದ್ದೇನೆ. ನಾಲ್ಕು ವರ್ಷಗಳಿಂದ ಹಳೆಯ ಜಾಹೀರಾತು, ರೆಕಾರ್ಡಿನ ಪಟ್ಟಿ, ನೆನಪಿನ ಪುಸ್ತಕಗಳನ್ನು ತಿರುವಿ ಹಾಕುತ್ತಿದ್ದೇನೆ. ಈ ಹೆಣ್ಣುಮಕ್ಕಳನ್ನು ಗೌರವದಿಂದ ಕರೆಯಲು ನಮ್ಮ ಭಾಗದ ಆಡುಮಾತಿನಲ್ಲಿ ಒಂದು ಪದ ಹುಡುಕಿದರೆ, ಸಿಗುವುದೆಲ್ಲ ಅರ್ಧ ಬೈಗುಳವೇ. ಆದರೆ ಬೀಳಗಿಯ ಇಬ್ಬರು ಹೆಣ್ಣುಮಕ್ಕಳು ನಮ್ಮ ಪದಕ್ಕಾಗಿ ಕಾಯಲಿಲ್ಲ. ತಮಗೆ ಬೇಕಾದ ಹೆಸರನ್ನು ತಾವೇ ಇಟ್ಟುಕೊಂಡರು: ಗೋಹರಬಾಯಿ ಕರ್ನಾಟಕಿ, ಅಮೀರಬಾಯಿ ಕರ್ನಾಟಕಿ. ಈ ಲೇಖನ ಆ ಹೆಸರಿನ ಬಗ್ಗೆ.

ಮೊದಲು ಅವರು ಹುಟ್ಟಿದ ಕಾಲವನ್ನು ನೋಡಬೇಕು. ಬೀಳಗಿ ಆಗ ಬಿಜಾಪುರ ಜಿಲ್ಲೆಯಲ್ಲಿತ್ತು, ಆಡಳಿತ ಮುಂಬೈ ಪ್ರಾಂತ್ಯದ್ದು. ಪಕ್ಕದ ಜಮಖಂಡಿಯಲ್ಲಿ ಪಟವರ್ಧನರು, ಮುಧೋಳದಲ್ಲಿ ಘೋರ್ಪಡೆಯವರು. ಮನೆಯ ಮಾತು ಕನ್ನಡ, ದರಬಾರಿನ ಮಾತು ಮರಾಠಿ. ನಾಟಕವಂತೂ ಎರಡೂ ಭಾಷೆಗಳ ನಡುವೆ ಓಡಾಡಿಕೊಂಡೇ ಬೆಳೆಯಿತು. ಮರಾಠಿ ರಂಗಭೂಮಿಯ ಮೊದಲ ನಾಟಕವೆಂದು ಹೇಳುವ ವಿಷ್ಣುದಾಸ ಭಾವೆಯವರ 'ಸೀತಾ ಸ್ವಯಂವರ' 1843ರಲ್ಲಿ ಸಾಂಗಲಿಯಲ್ಲಿ ಆಡಿದ್ದು, ಕರ್ನಾಟಕದಿಂದ ಬಂದ ಭಾಗವತರ ಆಟದ ಪ್ರೇರಣೆಯಿಂದ. ಸಂಗೀತ ನಾಟಕಕ್ಕೆ ರೂಪ ಕೊಟ್ಟ ಅಣ್ಣಾಸಾಹೇಬ ಕಿರ್ಲೋಸ್ಕರರು ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನವರು. ಆ ರಂಗಭೂಮಿ ಹೆಣ್ಣಿನ ಪಾತ್ರವನ್ನು ಪೂಜಿಸಿತು, ಆದರೆ ಹೆಣ್ಣನ್ನು ಹತ್ತಿಸಿಕೊಳ್ಳಲಿಲ್ಲ. ಬಾಲಗಂಧರ್ವರು ಸೀರೆ ಉಟ್ಟು ಬಂದರೆ ಮರುದಿನ ಮನೆಮನೆಯ ಹೆಣ್ಣುಮಕ್ಕಳು ಹಾಗೆಯೇ ಉಡಲು ನೋಡುತ್ತಿದ್ದರು. ಕುಂದಗೋಳದ ರಾಮಭಾವು, ಮುಂದೆ ಸವಾಯಿ ಗಂಧರ್ವರೆಂದು ನಾವು ಬಲ್ಲವರು, ಅವರೂ ಸ್ತ್ರೀಪಾತ್ರಗಳಿಂದಲೇ ರಂಗದಲ್ಲಿ ಹೆಸರಾದವರು. ಸೀರೆ ಉಟ್ಟ ಗಂಡಸಿಗೆ ಗಂಧರ್ವ ಎಂಬ ಬಿರುದು. ಅದೇ ಹಾಡನ್ನು ಅದೇ ರಂಗದಲ್ಲಿ ಹಾಡಿದ ಹೆಣ್ಣು ನಾಟಕದಾಕಿ.

ಸಿನಿಮಾ ಶುರುವಾದಾಗಲೂ ಇದೇ ಕತೆ. 1913ರ 'ರಾಜಾ ಹರಿಶ್ಚಂದ್ರ'ಕ್ಕೆ ದಾದಾಸಾಹೇಬ ಫಾಳ್ಕೆಯವರಿಗೆ ತಾರಾಮತಿ ಸಿಗಲಿಲ್ಲ. ಕೊನೆಗೆ ಸಾಳುಂಕೆ ಎಂಬ ಯುವಕ ತಾರಾಮತಿಯಾದ. ಅವರ ಮುಂದಿನ ಚಿತ್ರ 'ಮೋಹಿನಿ ಭಸ್ಮಾಸುರ'ಕ್ಕೆ ದುರ್ಗಾಬಾಯಿ ಕಾಮತ್ ಮತ್ತು ಅವರ ಮಗಳು ಕಮಲಾಬಾಯಿ ಬಂದರು. ಅವರೂ ರಂಗಭೂಮಿಯವರೇ. ಅಂದರೆ ಭಾರತದ ತೆರೆಯ ಮೇಲೆ ಕಂಡ ಮೊದಲ ಹೆಣ್ಣುಮಕ್ಕಳು ಇಂಥ ಮಾತುಗಳನ್ನೆಲ್ಲ ಕೇಳಿಯೇ ಬಂದವರು.

ಆ ಕಾಲದ ಚಿತ್ರಗಳನ್ನು ಕನ್ನಡದಲ್ಲಿ ನಾವು 'ಮೂಕಿ ಚಿತ್ರ' ಎನ್ನುತ್ತೇವೆ. ಮಾತಾಡದ ಹೆಣ್ಣನ್ನೂ ಹಾಗೆಯೇ ಕರೆಯುತ್ತೇವೆ. ಮೂಕಿ ಚಿತ್ರಕ್ಕೆ ಭಾಷೆಯ ಗಡಿಯಿರಲಿಲ್ಲ. ಸ್ವೀಡನ್ನಿನ ಗ್ರೇಟಾ ಗಾರ್ಬೋ ತನ್ನ ದೇಶದ ರಂಗಶಾಲೆಯಲ್ಲಿ ಕಲಿತು, ಅಲ್ಲಿನ ಚಿತ್ರಗಳಲ್ಲಿ ನಟಿಸಿ, ಅಮೆರಿಕಕ್ಕೆ ಹೋಗಿ ಜಗತ್ತಿಗೆಲ್ಲ ಪರಿಚಯವಾದದ್ದು ಒಂದು ಮಾತೂ ಆಡದೆ. 1930ರಲ್ಲಿ 'ಅನ್ನಾ ಕ್ರಿಸ್ಟಿ' ಬಂದಾಗ, ಗಾರ್ಬೋ ಮಾತಾಡುತ್ತಾಳೆ ಎಂಬುದೇ ಚಿತ್ರದ ಜಾಹೀರಾತಾಯಿತು. ನಮ್ಮಲ್ಲಿಯೂ ಮೂಕಿ ಯುಗದ ದೊಡ್ಡ ತಾರೆ ಸುಲೋಚನಾ ಹಾಗೆಯೇ. ಅವರ ನಿಜವಾದ ಹೆಸರು ರೂಬಿ ಮೈಯರ್ಸ್, ಯಹೂದಿ ಮನೆತನದವರು. ಹಿಂದುಸ್ತಾನಿ ಸರಿಯಾಗಿ ಬಾರದಿದ್ದರೂ ಮೂಕಿ ಚಿತ್ರದಲ್ಲಿ ಅವರು ರಾಣಿ. ಆದರೆ 1931ರ ಮಾರ್ಚ್ 14ರಂದು ಮುಂಬೈಯಲ್ಲಿ 'ಆಲಂ ಆರಾ' ತೆರೆ ಕಂಡಿತು. ಚಿತ್ರ ಮಾತಾಡಿತು, ಮಾತಿಗಿಂತ ಹೆಚ್ಚಾಗಿ ಹಾಡಿತು. ಹಿನ್ನೆಲೆ ಗಾಯನ ಇನ್ನೂ ಬಂದಿರಲಿಲ್ಲ. ನಟಿಸುವವಳೇ ಕ್ಯಾಮೆರಾದ ಮುಂದೆ ಹಾಡಬೇಕು. ಸುಲೋಚನಾ ಹಿಂದುಸ್ತಾನಿ ಕಲಿಯಲು ಬಿಡುವು ತೆಗೆದುಕೊಂಡರು. ಅದೇ ಹೊತ್ತಿಗೆ, ಊರ ಹೊರಗಿನ ನಾಟಕದ ಟೆಂಟಿನಲ್ಲಿ ಮೈಕಿಲ್ಲದೆ ಕೊನೆಯ ಸಾಲಿನವರೆಗೂ ಕೇಳುವಂತೆ ಹಾಡಿ ರೂಢಿಯಿದ್ದ ಹೆಣ್ಣುಮಕ್ಕಳಿಗೆ ಮೊದಲ ಬಾರಿ ಬೆಲೆ ಬಂತು.

ಬೀಳಗಿಯ ಅಕ್ಕತಂಗಿಯರು ಈ ಬಾಗಿಲಿನಿಂದಲೇ ಒಳಗೆ ಬಂದರು. ಅಕ್ಕ ಗೋಹರ್ ಮೊದಲು. ರಂಗಭೂಮಿ ಮತ್ತು ಚಿತ್ರರಂಗ ಎರಡರಲ್ಲೂ ಆಕೆಯ ಕಾಲು. 1934ರಲ್ಲಿ ತಂಗಿ ಅಮೀರಬಾಯಿಗೆ 'ವಿಷ್ಣು ಭಕ್ತಿ' ಚಿತ್ರದಲ್ಲಿ ಪಾತ್ರ ಸಿಕ್ಕಿದ್ದು ಅಕ್ಕನ ನೆರವಿನಿಂದ. ಅದೇ ವರ್ಷದ ಮಾರ್ಚ್ 3ರಂದು ಬೆಂಗಳೂರಿನಲ್ಲಿ ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನಾ' ಬಿಡುಗಡೆಯಾಯಿತು. ಅದನ್ನು ಚಿತ್ರಿಸಿದ್ದು ಕೊಲ್ಹಾಪುರದಲ್ಲಿ, ನಮ್ಮೂರಿಗೆ ಬೆಂಗಳೂರಿಗಿಂತ ಎಷ್ಟೋ ಹತ್ತಿರದ ಊರಿನಲ್ಲಿ. ಕನ್ನಡ ಚಿತ್ರವೇ ಕನ್ನಡ ನಾಡಿನ ಹೊರಗೆ ಸ್ಟುಡಿಯೋ ಹುಡುಕಿಕೊಂಡು ಹೋಗಬೇಕಾದ ಕಾಲದಲ್ಲಿ, ಬೀಳಗಿಯ ಹುಡುಗಿ ಹೊಟ್ಟೆಪಾಡಿಗೆ ಮುಂಬೈಗೆ ಹೋದದ್ದರಲ್ಲಿ ಆಶ್ಚರ್ಯವೇನೂ ಇಲ್ಲ.

ಇನ್ನು ಹೆಸರಿನ ವಿಚಾರ. ಸಂಶೋಧನೆಯ ಶುರುವಿನಲ್ಲಿ 'ಗೋಹರ್' ಎಂಬ ಹೆಸರು ನನ್ನನ್ನು ಬಹಳ ಗೋಳಾಡಿಸಿತು. ಹಳೆಯ ಪಟ್ಟಿಗಳಲ್ಲಿ ಮೂವರು ಗೋಹರ್ ಬರುತ್ತಾರೆ. ಒಬ್ಬರು ಕಲ್ಕತ್ತೆಯ ಗೌಹರ್ ಜಾನ್, 1902ರಲ್ಲಿ ಗ್ರಾಮಫೋನಿಗೆ ಹಾಡಿದವರು, ಕೊನೆಗೆ ಮೈಸೂರು ಅರಮನೆಯ ಆಶ್ರಯದಲ್ಲಿದ್ದು 1930ರಲ್ಲಿ ಅಲ್ಲಿಯೇ ತೀರಿಕೊಂಡವರು. ಇನ್ನೊಬ್ಬರು ರಣಜಿತ್ ಸ್ಟುಡಿಯೋದ ಮಿಸ್ ಗೋಹರ್, ಮೂಕಿ ಚಿತ್ರಗಳ ತಾರೆ. ಮೂರನೆಯವರು ನಮ್ಮವರು. ಗುರುತಿಗೆ ಒಂದು ಬಾಲ ಬೇಕೇಬೇಕಿತ್ತು. ಆದರೆ ಯಾವ ಬಾಲ?

ಅಂದಿನ ಗಾಯಕಿಯರ ಹೆಸರುಗಳನ್ನು ಒಂದರ ಕೆಳಗೊಂದು ಬರೆದು ನೋಡಿದೆ. ಮೋಗೂಬಾಯಿ ಕುರ್ಡೀಕರ್, ಕೇಸರಬಾಯಿ ಕೇರ್ಕರ್, ಹೀರಾಬಾಯಿ ಬಡೋದೇಕರ್, ಜೋಹ್ರಾಬಾಯಿ ಅಂಬಾಲೆವಾಲಿ, ಗಂಗೂಬಾಯಿ ಹಾನಗಲ್. ಎಲ್ಲವೂ ಊರ ಹೆಸರುಗಳು. ಹೀರಾಬಾಯಿ ಮಿರಜಿನ ಉಸ್ತಾದ್ ಅಬ್ದುಲ್ ಕರೀಂ ಖಾನರ ಮಗಳು, ಆದರೆ ತಂದೆಯ ಹೆಸರು ಅವರ ಹೆಸರಿನಲ್ಲಿಲ್ಲ. ತಾಯಿಯ ಊರು ಬಡೋದೆ ಇದೆ. ಗಂಗೂಬಾಯಿಯವರ ಮೊದಲ ರೆಕಾರ್ಡುಗಳ ಮೇಲೆ 'ಗಾಂಧಾರಿ ಹುಬ್ಬಳ್ಳಿ' ಎಂದು ಅಚ್ಚಾಗಿತ್ತು. ತಂದೆಯ ಮನೆತನದ ಹೆಸರನ್ನೋ ಗಂಡನ ಅಡ್ಡಹೆಸರನ್ನೋ ಹೇಳಿಕೊಳ್ಳಲು ಸಮಾಜ ಬಿಡದ ಹೆಣ್ಣುಮಕ್ಕಳಿಗೆ ಊರು ತಾನಾಗಿ ಅಡ್ಡಹೆಸರಾಯಿತು. ಊರಿನವರು ಮಗಳೆಂದು ಒಪ್ಪಿದರೋ ಬಿಟ್ಟರೋ, ಅವರು ಊರನ್ನು ಬಿಡಲಿಲ್ಲ.

ಈ ಲೆಕ್ಕದಲ್ಲಿ ನಮ್ಮ ಅಕ್ಕತಂಗಿಯರು 'ಬೀಳಗಿ' ಆಗಬೇಕಿತ್ತು, ಇಲ್ಲವೇ 'ಬಿಜಾಪುರಕರ್'. ಅವರು ಆದದ್ದು 'ಕರ್ನಾಟಕಿ'. ಆ ಕಾಲದಲ್ಲಿ ಕರ್ನಾಟಕ ಎಂಬ ಹೆಸರಿನ ರಾಜ್ಯವಿರಲಿಲ್ಲ. ಕನ್ನಡ ಮಾತಾಡುವವರು ಮುಂಬೈ, ಮದರಾಸು, ಹೈದರಾಬಾದು, ಮೈಸೂರು, ಕೊಡಗು ಮತ್ತು ಜಮಖಂಡಿ, ಮುಧೋಳದಂಥ ಹತ್ತಾರು ಸಂಸ್ಥಾನಗಳಲ್ಲಿ ಹರಿದು ಹಂಚಿಹೋಗಿದ್ದರು. ಕರ್ನಾಟಕವೆಂಬುದು ಧಾರವಾಡದ ಪತ್ರಿಕೆಗಳಲ್ಲಿ, ಸಭೆಗಳಲ್ಲಿ ಬದುಕಿದ್ದ ಒಂದು ಆಸೆ. ಆ ಆಸೆಗೆ 'ಕರ್ನಾಟಕ ಗತವೈಭವ' ಬರೆದ ಆಲೂರ ವೆಂಕಟರಾಯರು ಹುಟ್ಟಿದ್ದೂ ಬಿಜಾಪುರದಲ್ಲಿಯೇ. 1924ರ ಬೆಳಗಾವಿ ಕಾಂಗ್ರೆಸ್ ಅಧಿವೇಶನದಲ್ಲಿ ಹುಯಿಲಗೋಳ ನಾರಾಯಣರಾಯರ ನಾಡಗೀತೆ ಮೊಳಗಿದ್ದನ್ನು ನಾವು ಶಾಲೆಯ ಪಾಠದಲ್ಲಿ ಓದಿದ್ದೇವೆ. ಅದೇ ಅಧಿವೇಶನದಲ್ಲಿ ಬಾಲಕಿ ಗಂಗೂಬಾಯಿ ಸ್ವಾಗತಗೀತೆ ಹಾಡಿದ್ದು ನನಗೆ ತಿಳಿದದ್ದು ಎಷ್ಟೋ ತಡವಾಗಿ.

ಏಕೀಕರಣದ ಚರಿತ್ರೆ ಬರೆಯುವಾಗ ನಾವು ಗೊತ್ತುವಳಿಗಳನ್ನು ಎಣಿಸುತ್ತೇವೆ, ಸಮ್ಮೇಳನಗಳನ್ನು ಎಣಿಸುತ್ತೇವೆ. ರೆಕಾರ್ಡಿನ ತಟ್ಟೆಯ ಮೇಲಿನ ಹೆಸರನ್ನು ಎಣಿಸುವುದಿಲ್ಲ. ಲಾಹೋರಿನ ಚಹಾದಂಗಡಿಯಲ್ಲಿ, ಕಲ್ಕತ್ತೆಯ ಮನೆಯ ಪಡಸಾಲೆಯಲ್ಲಿ ತಟ್ಟೆ ತಿರುಗಿದಾಗಲೆಲ್ಲ ಆ ಶಬ್ದವೂ ತಿರುಗುತ್ತಿತ್ತು. ಇದು ಆ ಅಕ್ಕತಂಗಿಯರ ರಾಜಕೀಯ ನಿಲುವಾಗಿತ್ತು ಎಂದು ನಾನು ಹೇಳುವುದಿಲ್ಲ. ಮುಂಬೈಯವರಿಗೆ ಬೀಳಗಿ ಎಂದರೆ ತಿಳಿಯುತ್ತಿರಲಿಲ್ಲ, ಕರ್ನಾಟಕವೆಂದರೆ ತಿಳಿಯುತ್ತಿತ್ತು, ಅಷ್ಟೇ ಇರಬಹುದು. ಆದರೂ ಕನ್ನಡ ಮನೆಮಾತಿನ ಇಬ್ಬರು ಮುಸ್ಲಿಂ ಹೆಣ್ಣುಮಕ್ಕಳು ಆ ಹೆಸರನ್ನು ಹೊತ್ತು ನಡೆದರೆಂಬುದು ಸತ್ಯ.

ಅಮೀರಬಾಯಿಯ ಏರುಗಾಲ ಹತ್ತು ವರ್ಷದೊಳಗಿನದು. 1940ರಲ್ಲಿ ವಿಜಯ ಭಟ್ಟರ 'ನರಸೀ ಭಗತ್'. ಅದರಲ್ಲಿ ವಿಷ್ಣುಪಂತ ಪಾಗನೀಸ್, ದುರ್ಗಾ ಖೋಟೆ ಅವರ ಜೊತೆ ಅಮೀರಬಾಯಿ ನಟಿಸಿ ಹಾಡಿದರು. ನರಸಿ ಮೆಹ್ತಾರ ಭಜನೆಯನ್ನು ಆಕೆಯ ದನಿಯಲ್ಲಿ ಗಾಂಧೀಜಿ ಮೆಚ್ಚಿದ್ದರೆಂಬ ಮಾತು ಇಂದಿಗೂ ಇದೆ. 1943ರಲ್ಲಿ ಬಾಂಬೆ ಟಾಕೀಸಿನ 'ಕಿಸ್ಮತ್'. ಸಂಗೀತ ಅನಿಲ್ ಬಿಸ್ವಾಸ್, ಗೀತೆ ಪ್ರದೀಪ್. ಕಲ್ಕತ್ತೆಯ ರಾಕ್ಸಿ ಚಿತ್ರಮಂದಿರದಲ್ಲಿ ಈ ಚಿತ್ರ ಮೂರು ವರ್ಷಕ್ಕೂ ಮಿಕ್ಕಿ ಓಡಿತು. ಕ್ವಿಟ್ ಇಂಡಿಯಾ ಚಳವಳಿಯ ಬಿಸಿ ಆರದ ಹೊತ್ತಿನಲ್ಲಿ ಪರಕೀಯರಿಗೆ ದೂರ ಸರಿಯಿರಿ ಎಂದ ಆ ಚಿತ್ರದ ಗುಂಪುಗೀತೆಯಲ್ಲಿ ಖಾನ್ ಮಸ್ತಾನಾ ಅವರ ಜೊತೆ ಕೇಳುವುದು ಅಮೀರಬಾಯಿಯ ದನಿ. ಮರುವರ್ಷ ನೌಶಾದರ 'ರತನ್'. 1947ರಲ್ಲಿ ಸಿ. ರಾಮಚಂದ್ರರ 'ಶಹನಾಯಿ'.

ಆದರೆ 'ಕಿಸ್ಮತ್' ನೋಡಿದವರಿಗೆ ಒಂದು ಸಂಗತಿ ಗೊತ್ತಿದೆ. ತೆರೆಯ ಮೇಲೆ ಆ ಹಾಡಿಗೆ ತುಟಿ ಅಲುಗಿಸುವವರು ಮುಮ್ತಾಜ್ ಶಾಂತಿ. ಅಷ್ಟರಲ್ಲಿ ಹಿನ್ನೆಲೆ ಗಾಯನ ಬೇರೂರಿತ್ತು. ಮೂಕಿ ಚಿತ್ರ ಹೆಣ್ಣಿನ ಮುಖ ಇಟ್ಟುಕೊಂಡು ದನಿಯನ್ನು ಬಿಟ್ಟಿತ್ತು. ಈಗಿನ ಹೊಸ ಪದ್ಧತಿ ದನಿ ಇಟ್ಟುಕೊಂಡು ಮುಖವನ್ನು ಬಿಟ್ಟಿತು. ನಟಿಯಾಗಿ ಬಂದ ಅಮೀರಬಾಯಿ ಎಲ್ಲರಿಗೂ ಗೊತ್ತಾದದ್ದು ಕಾಣದ ಗಾಯಕಿಯಾಗಿ. ಆ ಕಾಲದಲ್ಲಿ ತಟ್ಟೆಯ ಮೇಲೆ ಹಾಡಿದವರ ಹೆಸರನ್ನೇ ಹಾಕದೆ ಪಾತ್ರದ ಹೆಸರು ಹಾಕುವ ರೂಢಿಯೂ ಇತ್ತು. 1949ರ 'ಮಹಲ್' ಚಿತ್ರದ ಹಾಡಿನ ತಟ್ಟೆಯ ಮೇಲೆ ಮೊದಲು ಲತಾ ಮಂಗೇಶ್ಕರ್ ಎಂದಿರಲಿಲ್ಲ, ಪಾತ್ರದ ಹೆಸರು 'ಕಾಮಿನಿ' ಎಂದಿತ್ತು. ಹೆಸರಿಗಾಗಿ ಹೋರಾಡಬೇಕಿದ್ದ ಜಾಗದಲ್ಲಿ 'ಕರ್ನಾಟಕಿ' ಎಂದು ಬರೆಸಿಕೊಂಡು ಉಳಿಯುವುದು ಸಣ್ಣ ಮಾತಲ್ಲ.

ಮನೆಯೊಳಗಿನ ಬದುಕು ಅಷ್ಟು ಚೆನ್ನಾಗಿರಲಿಲ್ಲ. ಖಳಪಾತ್ರಗಳ ನಟ ಹಿಮಾಲಯವಾಲಾ ಜೊತೆಗಿನ ದಾಂಪತ್ಯ ನೋವಿನಲ್ಲಿ ಮುಗಿಯಿತು. ಮುಂದೆ 'ಪಾರಸ್' ಪತ್ರಿಕೆಯ ಸಂಪಾದಕ ಬದ್ರಿ ಕಾಂಚವಾಲಾ ಅವರನ್ನು ಮದುವೆಯಾದರು. ಇದರ ನಡುವೆ 1948ರಲ್ಲಿ 'ಶಹನಾಜ್' ಚಿತ್ರಕ್ಕೆ ಅಮೀರಬಾಯಿ ತಾವೇ ಸಂಗೀತ ನೀಡಿದರು. ಜದ್ದನಬಾಯಿ, ಸರಸ್ವತಿ ದೇವಿ ಬಿಟ್ಟರೆ ಹಿಂದಿ ಚಿತ್ರರಂಗದಲ್ಲಿ ಸಂಗೀತ ನಿರ್ದೇಶನದ ಕುರ್ಚಿಯಲ್ಲಿ ಕೂತ ಹೆಣ್ಣುಮಕ್ಕಳೇ ಆಗ ಅಪರೂಪ. ಅಷ್ಟರಲ್ಲಿ ಗಾಳಿ ಬದಲಾಗಿತ್ತು. ಮೈಕಿಗೆ ತುಂಬು ಕಂಠ ಬೇಡವಾಗಿತ್ತು, ತೆಳುವಾದ ಎಳೆಯ ದನಿ ಬೇಕಾಗಿತ್ತು. 1950ರ 'ಸಮಾಧಿ' ಚಿತ್ರದ ಕುಣಿತದ ಯುಗಳಗೀತೆಯಲ್ಲಿ ಲತಾ ಮತ್ತು ಅಮೀರಬಾಯಿ ಒಟ್ಟಿಗೆ ಹಾಡಿದ್ದಾರೆ. ಆ ಹಾಡನ್ನು ನಾನು ಎಷ್ಟು ಸಲ ಕೇಳಿದರೂ ಒಂದು ಕಾಲ ಇನ್ನೊಂದಕ್ಕೆ ದಾರಿ ಬಿಡುವುದು ಅದರಲ್ಲಿ ಕೇಳುತ್ತದೆ. ಮುಂದೆ ಅಮೀರಬಾಯಿಗೆ ಉಳಿದದ್ದು ಪೋಷಕ ಪಾತ್ರಗಳು.

ಅಕ್ಕ ಗೋಹರಬಾಯಿಯ ಪಾಲಿಗೆ ಬಂದದ್ದು ಇನ್ನೂ ಕಠಿಣವಾದ ನೆನಪು. 1930ರ ದಶಕದ ಕೊನೆಗೆ ಆಕೆ ಬಾಲಗಂಧರ್ವರ ಮಂಡಳಿ ಸೇರಿದರು. ಸೀರೆ ಉಟ್ಟು ಮಹಾರಾಷ್ಟ್ರವನ್ನು ಮರುಳು ಮಾಡಿದ್ದ ಗಂಡಸಿನ ಎದುರಿಗೆ, ಆತನದೇ ಗಾಯನಶೈಲಿಯನ್ನು ಮೈಗೂಡಿಸಿಕೊಂಡ ಹೆಣ್ಣು ನಾಯಕಿಯಾಗಿ ನಿಂತರು. ಮಂಡಳಿ ಆಗಲೇ ಸಾಲದಲ್ಲಿ ಮುಳುಗಿತ್ತು, ಬೋಲಪಟ ಬಂದು ನಾಟಕಗಳ ಪ್ರೇಕ್ಷಕರನ್ನು ಎಳೆದುಕೊಂಡಿತ್ತು, ಬಾಲಗಂಧರ್ವರಿಗೆ ವಯಸ್ಸು ಐವತ್ತಾಗಿತ್ತು. ಆದರೂ ಅವರ ಪತನಕ್ಕೆಲ್ಲ ಈ ಮುಸ್ಲಿಂ ಹೆಂಗಸೇ ಕಾರಣವೆಂದು ನಂಬಿದವರು ಆಗಲೂ ಇದ್ದರು, ಈಗಲೂ ಇದ್ದಾರೆ. 1951ರಲ್ಲಿ ಇಬ್ಬರೂ ಮದುವೆಯಾದರು. ಅಭಿಮಾನಿಗಳು ಮುಖ ತಿರುಗಿಸಿದರು. ಗೋಹರಬಾಯಿ 1964ರಲ್ಲಿ ತೀರಿಕೊಂಡರು. ಅದೇ ವರ್ಷ ಬಾಲಗಂಧರ್ವರಿಗೆ ಪದ್ಮಭೂಷಣ ಬಂತು. 1967ರಲ್ಲಿ ಅವರೂ ಹೋದರು. ಅವರ ಹೆಸರಿನಲ್ಲಿ ಪುಣೆಯಲ್ಲಿ ರಂಗಮಂದಿರವಿದೆ. ಮುರಿದುಹೋದ ಕಲಾವಿದನೊಂದಿಗೆ ಕಷ್ಟದ ವರ್ಷಗಳನ್ನು ಕಳೆದ ಹೆಣ್ಣಿನ ಹೆಸರು ಎಲ್ಲಿಯಾದರೂ ಬಂದರೆ ಬಹುಪಾಲು ಆರೋಪಿಯ ಸ್ಥಾನದಲ್ಲಿ ಬರುತ್ತದೆ.

ಹೋದ ಚಳಿಗಾಲದಲ್ಲಿ ಜಮಖಂಡಿ ಮೇಲೆ ಹಾಯ್ದು ಬೀಳಗಿಗೆ ಹೋದೆ. ಸಾಕ್ಷ್ಯ ಹುಡುಕುವುದಕ್ಕಿಂತ ಹೆಚ್ಚಾಗಿ ಊರು ನೋಡಬೇಕಿತ್ತು. ಬಸ್ ನಿಲ್ದಾಣದ ಪಕ್ಕದ ಹೋಟೆಲಿನಲ್ಲಿ ಕೂತಿದ್ದ ಒಬ್ಬ ಹಿರಿಯರನ್ನು ಕೇಳಿದೆ.

"ಯಜ್ಜಾ, ಅಮೀರಬಾಯಿ ಅಂತ ಹಾಡಾಕಿ ಒಬ್ಬಾಕಿ ಇದ್ರಲ್ರಿ..."

"ಸಿನಿಮಾದಾಕಿ ಏನವಾ? ಬಿಜಾಪುರದಾಗ ಅಕೀದು ಟಾಕೀಜ ಐತಿ ನೋಡು. ಅಮೀರ ಟಾಕೀಜ." ಅಷ್ಟು ಹೇಳಿ ಅವರು ಚಹಾ ಬಸಿಗೆ ಸುರಿದುಕೊಂಡರು. ಆಮೇಲೆ ನಾನು ಕೇಳದಿದ್ದರೂ ಅಂದರು: "ಮುಂಬೈದಾಗ ಗಳಿಸಿದ್ದ ತಂದು ಇಲ್ಲೆ ಹಾಕಿದ್ಲವಾ. ನಮ್ಮ ಮಂದಿ ಹಂಗ ಮಾಡಂಗಿಲ್ಲ."

ಆ ಮಾತನ್ನು ನಾನು ಟಿಪ್ಪಣಿ ಪುಸ್ತಕದಲ್ಲಿ ಬರೆದುಕೊಂಡೆ. ಅಮೀರ್ ಟಾಕೀಸನ್ನು ನಾನೂ ಬಲ್ಲೆ. ವಿಜಯಪುರಕ್ಕೆ ಹೋದಾಗಲೆಲ್ಲ ಆ ಹೆಸರು ಓದಿದ್ದೆ. ಅದು ಯಾವನೋ ಶ್ರೀಮಂತನ ಹೆಸರೆಂದು ತಿಳಿದಿದ್ದೆ. ಅಮೀರ್ ಎಂದರೆ ಹಣವಂತನಲ್ಲವೇ? ಅದೊಬ್ಬ ಹೆಣ್ಣಿನ ಹೆಸರು, ಅದೂ ನಮ್ಮ ಪಕ್ಕದೂರಿನವಳದು ಎಂದು ಯಾವ ಪಾಠದಲ್ಲಿಯೂ ಬಂದಿರಲಿಲ್ಲ. ರಹಮತ್ ತರೀಕೆರೆಯವರು ಅಮೀರಬಾಯಿಯ ಜೀವನ ಚರಿತ್ರೆ ಬರೆಯದಿದ್ದರೆ ನನ್ನಂಥವರು ಇಂದಿಗೂ ಹಾಗೆಯೇ ತಿಳಿದಿರುತ್ತಿದ್ದೆವು.

ಅಮೀರಬಾಯಿ ತೀರಿಕೊಂಡದ್ದು 1965ರ ಮಾರ್ಚ್ 3ರಂದು, ಮೊದಲ ಕನ್ನಡ ವಾಕ್ಚಿತ್ರ ಬಂದು ಸರಿಯಾಗಿ ಮೂವತ್ತೊಂದು ವರ್ಷಕ್ಕೆ. ಆ ದಿನ ಬೀಳಗಿ ಮುಂಬೈಯದಾಗಿರಲಿಲ್ಲ. 1956ರ ಏಕೀಕರಣ ಆಗಿತ್ತು, ಆದರೆ ರಾಜ್ಯದ ಹೆಸರು ಇನ್ನೂ ಮೈಸೂರು. ಕರ್ನಾಟಕವೆಂಬ ಹೆಸರು ಬಂದದ್ದು 1973ರ ನವೆಂಬರ್ 1ರಂದು. ಆ ಹೆಸರನ್ನು ಮುಂಬೈಯಲ್ಲಿ ಮೂರು ದಶಕ ಹೊತ್ತು ತಿರುಗಿದ ಅಕ್ಕತಂಗಿಯರಲ್ಲಿ ಒಬ್ಬರೂ ಅದನ್ನು ನೋಡಲು ಇರಲಿಲ್ಲ.

ನನ್ನ ಪ್ರಬಂಧದ ಕೊನೆಗೆ ಒಂದು ನಾಮಸೂಚಿ ಇರುತ್ತದೆ. ಪದ್ಧತಿಯಂತೆ ಅಡ್ಡಹೆಸರು ಮೊದಲು, ಹೆಸರು ಆಮೇಲೆ. ಅದರಂತೆ 'ಕರ್ನಾಟಕ ವಿದ್ಯಾವರ್ಧಕ ಸಂಘ'ದ ಕೆಳಗೆ 'ಕರ್ನಾಟಕಿ, ಅಮೀರಬಾಯಿ' ಬರುತ್ತಾರೆ, ಅವರ ಕೆಳಗೆ 'ಕರ್ನಾಟಕಿ, ಗೋಹರಬಾಯಿ'. ಅಕ್ಷರಕ್ರಮ ಮಾಡಿದ ಕೆಲಸ ಅದು, ನನ್ನ ಕೈವಾಡವೇನಿಲ್ಲ. ಆದರೂ ಆ ಮೂರು ಸಾಲು ಟೈಪ್ ಮಾಡಿದ ರಾತ್ರಿ ನನಗೆ ಸಮಾಧಾನವಾಯಿತು.

ಇದನ್ನೆಲ್ಲ ಆಯಿಗೆ ಬಿಡಿಸಿ ಹೇಳಿದೆ. ಸೀರೆಯ ಕತೆ, ಟಾಕೀಸಿನ ಕತೆ, ಹೆಸರಿನ ಕತೆ. ಅವಳು ಕೈಯಲ್ಲಿನ ಕಂಡಿಕಿ ಬುಟ್ಟಿಗೆ ಹಾಕಿ ಕೇಳಿದಳು: "ಹಂಗಾರ ಅಕೀ ಹೆಸರಿನಾಗ ನಾವೆಲ್ಲಾರೂ ಅದೀವೇನ?"

"ಹೂಂ ಆಯಿ."

ಸ್ವಲ್ಪ ಹೊತ್ತಿನ ಮೇಲೆ ಅವಳು, ಯಾರಿಗೋ ಹೇಳುವಂತೆ, ಅಂದಳು: "ನಾನೂ ಸಣ್ಣಾಕಿದ್ದಾಗ ಛಲೋ ಹಾಡ್ತಿದ್ದೆ. ನಮ್ಮಪ್ಪ ಬಿಡಿಸಿದ. ಜನಾ ನಾಟಕದಾಕಿ ಅಂತಾರಂತ."

ಇಪ್ಪತ್ತೆಂಟು ವರ್ಷ ಒಂದೇ ಮನೆಯಲ್ಲಿದ್ದೂ ಈ ಮಾತು ನನಗೆ ಗೊತ್ತಿರಲಿಲ್ಲ. ಏನು ಹಾಡುತ್ತಿದ್ದಿ ಎಂದು ಕೇಳುವಷ್ಟರಲ್ಲಿ ಕರೆಂಟು ಬಂತು, ಮಗ್ಗ ಶುರುವಾಯಿತು. ಆಯಿ ಮತ್ತೆ ಕಂಡಿಕಿ ಕೈಗೆ ತೆಗೆದುಕೊಂಡಳು. ನಾಳೆ ಕರೆಂಟು ಹೋದಾಗ ಕೇಳಬೇಕು.